ಅರ್ಲ್ ಕ್ಯಾಮರನ್ ಹೆಸರು ಎಲ್ಲಿ? ಹಳೆಯ ಬ್ರಿಟಿಷ್ ಸಿನಿಮಾ ತೋರಿಸುವವರಿಗೆ ಒಂದು ಬಹಿರಂಗ ಪತ್ರ

ಗೆ,
ಹಳೆಯ ಬ್ರಿಟಿಷ್ ಸಿನಿಮಾ ಮತ್ತು ಟಿವಿ ಸರಣಿಗಳನ್ನು ತೋರಿಸುವ ಚಾನೆಲ್‌ಗಳ, ಸ್ಟ್ರೀಮಿಂಗ್ ಆ್ಯಪ್‌ಗಳ ಕಾರ್ಯಕ್ರಮ ವಿಭಾಗದ ಮುಖ್ಯಸ್ಥರಿಗೆ

ಮಾನ್ಯರೇ,

ನಾನು ಇಂಗ್ಲೆಂಡಿನ ಮಿಡ್‌ಲ್ಯಾಂಡ್ಸ್ ಕಡೆ ಇರುವ ಕನ್ನಡಿಗ. ನಿಮ್ಮಂಥ ಒಂದು ಆ್ಯಪ್‌ಗೆ ಪ್ರತಿ ತಿಂಗಳು ದುಡ್ಡು ಕಟ್ಟುತ್ತೇನೆ. ಹೊಸ ಸಿನಿಮಾ ನೋಡುವ ಆಸೆ ನನಗೆ ಅಷ್ಟಿಲ್ಲ. 1950, 60ರ ದಶಕದ ಬ್ರಿಟಿಷ್ ಸಿನಿಮಾಗಳು, ಅದರಲ್ಲೂ ಯಾರೂ ಜಾಸ್ತಿ ಮಾತಾಡದ ಸಣ್ಣ ಸಿನಿಮಾಗಳು ನಿಮ್ಮಲ್ಲಿ ಸಿಗುತ್ತವೆ, ಅದಕ್ಕೇ ಕಟ್ಟುತ್ತೇನೆ. ಈ ಪತ್ರವನ್ನು ಮೊದಲು ಇಂಗ್ಲಿಷಿನಲ್ಲಿ ನಿಮ್ಮಲ್ಲೊಬ್ಬರಿಗೆ ಕಳಿಸಿದ್ದೆ. ನಿಮ್ಮ ಅಭಿಪ್ರಾಯ ನಮಗೆ ಬಹಳ ಮುಖ್ಯ ಎಂದು ಕಂಪ್ಯೂಟರ್ ಒಂದು ಮೇಲ್ ಕಳಿಸಿತು. ಅಲ್ಲಿಗೆ ಮುಗಿಯಿತು. ಈಗ ಕನ್ನಡದಲ್ಲಿ, ಎಲ್ಲರೂ ಓದುವ ಹಾಗೆ ಬರೆಯುತ್ತಿದ್ದೇನೆ. ನಿಮಗೆ ಚಂದಾ ಕಟ್ಟುವ ಕನ್ನಡದವರು ಈ ದೇಶದಲ್ಲಿ ಬೇಕಾದಷ್ಟು ಜನ ಇದ್ದೇವೆ. ಅವರಿಗಾದರೂ ವಿಷಯ ಗೊತ್ತಾಗಲಿ.

ನನ್ನ ದೂರು ಇಷ್ಟೇ. ಆ ಆ್ಯಪ್‌ನಲ್ಲಿ 1951ರ 'ಪೂಲ್ ಆಫ್ ಲಂಡನ್' ಇದೆ. ಹುಡುಕುವ ಜಾಗದಲ್ಲಿ ಅದರಲ್ಲಿ ನಟಿಸಿದ ಕರಿಯ ನಟ ಅರ್ಲ್ ಕ್ಯಾಮರನ್ ಹೆಸರು ಹಾಕಿದರೆ ಏನೂ ಸಿಗಲಿಲ್ಲ ಎನ್ನುತ್ತದೆ. ಸಿನಿಮಾದ ಪುಟಕ್ಕೆ ಹೋದರೆ ಮೂರು ಹೆಸರು ಕಾಣುತ್ತವೆ: ಬೋನಾರ್ ಕೊಲಿಯಾನೊ, ಸೂಸನ್ ಶಾ, ರೆನೆ ಆಶರ್ಸನ್. ಮೂವರೂ ಒಳ್ಳೆಯ ನಟರೇ, ನನಗೆ ಅವರ ಮೇಲೆ ಏನೂ ತಕರಾರಿಲ್ಲ. ಆದರೆ ಆ ಸಿನಿಮಾವನ್ನು ಇವತ್ತಿಗೂ ಜನ ನೆನೆಸಿಕೊಳ್ಳುವುದು, ಸಿನಿಮಾ ಇತಿಹಾಸ ಬರೆಯುವವರು ಅದರ ಬಗ್ಗೆ ಪುಟಗಟ್ಟಲೆ ಬರೆಯುವುದು ಯಾರಿಂದ? ಜಾನಿ ಲ್ಯಾಂಬರ್ಟ್ ಎಂಬ ಜಮೈಕಾದ ನಾವಿಕನ ಪಾತ್ರ ಮಾಡಿದ ಅರ್ಲ್ ಕ್ಯಾಮರನ್ ಅವರಿಂದ. ಕಥೆಯ ಸಾರಾಂಶದಲ್ಲಿ ವಜ್ರದ ಕಳ್ಳಸಾಗಣೆ ಇದೆ, ಪೊಲೀಸರು ಇದ್ದಾರೆ, ಬಂದರು ಇದೆ. ಜಾನಿ ಇಲ್ಲ.

ಇದಕ್ಕಿಂತ ಸಿಟ್ಟು ಬರಿಸುವುದು ಇನ್ನೊಂದಿದೆ. ಸಿನಿಮಾ ಶುರುವಾಗುವ ಮುಂಚೆ ನೀವು ಒಂದು ಎಚ್ಚರಿಕೆ ತೋರಿಸುತ್ತೀರಿ. ಆ ಕಾಲದ ಜನಾಂಗೀಯ ಮಾತುಗಳು, ಧೋರಣೆಗಳು ಇದರಲ್ಲಿವೆ, ಕೆಲವರಿಗೆ ನೋವಾಗಬಹುದು ಎಂದು. ತೋರಿಸಿ, ಬೇಡ ಎನ್ನುವುದಿಲ್ಲ. ಆದರೆ ಸ್ವಲ್ಪ ಯೋಚನೆ ಮಾಡಿ. ಆ ಮಾತುಗಳನ್ನು ಪರದೆಯ ಮೇಲೆ ನಿಂತು ಕೇಳಿಸಿಕೊಂಡವರು ಯಾರು? ಆ ಎಚ್ಚರಿಕೆ ಅಲ್ಲಿ ಇರುವುದೇ ಅವರ ಪಾತ್ರದ ಕಾರಣದಿಂದ. ಅವಮಾನಕ್ಕೆ ನಿಮ್ಮ ಪುಟದಲ್ಲಿ ಒಂದು ಪ್ಯಾರಾ ಜಾಗ ಇದೆ, ಅದನ್ನು ಅಭಿನಯಿಸಿದವರ ಹೆಸರಿಗೆ ಒಂದು ಸಾಲೂ ಇಲ್ಲ. ಇದು ಯಾವ ನ್ಯಾಯ ಸ್ವಾಮಿ?

ಇದು ಸಾಫ್ಟ್‌ವೇರ್ ಮಾಡುವ ಕೆಲಸ, ಮೊದಲ ಮೂರು ಹೆಸರು ತಾನಾಗಿಯೇ ಬರುತ್ತವೆ ಎಂದು ನೀವು ಹೇಳಬಹುದು. ಇರಬಹುದು. ಆದರೆ ಆ ಮೂರು ಹೆಸರಿನ ಸಾಲು 1951ರಲ್ಲಿ ಯಾರು ಯಾವ ಲೆಕ್ಕದಲ್ಲಿ ನಿಲ್ಲಿಸಿದ್ದು ಎಂದು ಗೊತ್ತಾದರೆ ಸುಮ್ನೆ ಅದನ್ನೇ ನಕಲು ಮಾಡುತ್ತಿರಲಿಲ್ಲ ಎಂದು ನನ್ನ ನಂಬಿಕೆ. ಅದಕ್ಕೇ ಕ್ಯಾಮರನ್ ಅವರ ಕೆಲಸದ ಬಗ್ಗೆ ಸ್ವಲ್ಪ ಉದ್ದವಾಗಿ ಹೇಳಬೇಕಾಗಿದೆ, ಬೇಸರ ಮಾಡಿಕೊಳ್ಳಬೇಡಿ.

ಅರ್ಲ್ ಕ್ಯಾಮರನ್ ಹುಟ್ಟಿದ್ದು 1917ರಲ್ಲಿ, ಬರ್ಮುಡಾದ ಪೆಂಬ್ರೋಕ್‌ನಲ್ಲಿ. ವ್ಯಾಪಾರಿ ಹಡಗಿನಲ್ಲಿ ಕೆಲಸ ಮಾಡುತ್ತಾ 1939ರಲ್ಲಿ, ಯುದ್ಧ ಶುರುವಾದ ಹೊತ್ತಿಗೆ ಸರಿಯಾಗಿ ಲಂಡನ್‌ಗೆ ಬಂದಿಳಿದರು. ಕೆರಿಬಿಯನ್ ವಲಸಿಗರನ್ನು ಇಲ್ಲಿಗೆ ಕರೆತಂದ ವಿಂಡ್‌ರಷ್ ಹಡಗು ಬಂದದ್ದು 1948ರಲ್ಲಿ, ಅದಕ್ಕೂ ಒಂಬತ್ತು ವರ್ಷ ಮುಂಚೆ. ಕರಿಯರಿಗೆ ಕೆಲಸ ಸಿಗುವುದೇ ಕಷ್ಟವಾಗಿದ್ದ ಊರು ಅದು. ಹೋಟೆಲಿನಲ್ಲಿ ಪಾತ್ರೆ ತೊಳೆಯುವ ಕೆಲಸ ಸಿಕ್ಕಿತು. 1941ರಲ್ಲಿ ಪ್ಯಾಲೇಸ್ ಥಿಯೇಟರ್‌ನಲ್ಲಿ 'ಚು ಚಿನ್ ಚೌ' ಎಂಬ ಸಂಗೀತ ನಾಟಕ ನಡೆಯುತ್ತಿತ್ತು, ಅದರಲ್ಲಿ ಅವರ ಗೆಳೆಯನೊಬ್ಬ ಇದ್ದ. ಕೆಲವು ನಟರು ಒಂದು ದಿನ ಹಾಜರಾಗದೆ ಜಾಗ ಖಾಲಿ ಬಿದ್ದಿತು. ಆ ಖಾಲಿ ಜಾಗದಲ್ಲಿ ಹೋಗಿ ನಿಂತವರು ಇವರು. ಪಾತ್ರೆ ತೊಳೆಯುವುದಕ್ಕಿಂತ ಇದೇ ವಾಸಿ ಎಂದುಕೊಂಡಿರಬೇಕು, ಮತ್ತೆ ಆ ಕಡೆ ತಿರುಗಿ ನೋಡಲಿಲ್ಲ. ಸೈನಿಕರಿಗೆ ಮನರಂಜನೆ ಕೊಡುತ್ತಿದ್ದ ಎನ್ಸಾ ಸಂಸ್ಥೆಯ ಜೊತೆ, ಮೂವರ ಹಾಡುವ ತಂಡವೊಂದರಲ್ಲಿ, 1945ರಲ್ಲಿ ಭಾರತಕ್ಕೂ ಬಂದು ಹೋಗಿದ್ದಾರೆ.

ಅವರಿಗೆ ದನಿ ತಿದ್ದಿದವರು ಅಮಾಂಡಾ ಐರಾ ಆಲ್ಡ್ರಿಜ್. ಯಾರು ಈಕೆ ಅಂದರೆ, 19ನೇ ಶತಮಾನದಲ್ಲಿ ಅಮೆರಿಕದಿಂದ ಬಂದು ಯುರೋಪಿನ ರಂಗದ ಮೇಲೆ ಒಥೆಲೊ, ಲಿಯರ್ ಎಲ್ಲ ಮಾಡಿದ ಕರಿಯ ನಟ ಐರಾ ಆಲ್ಡ್ರಿಜ್ ಅವರ ಮಗಳು. ತಂದೆ ಸತ್ತದ್ದು 1867ರಲ್ಲಿ. ಆ ಮನೆತನದ ಪಾಠ ಎರಡನೇ ಮಹಾಯುದ್ಧದ ಕಾಲದ ಲಂಡನ್‌ನಲ್ಲಿ ಕ್ಯಾಮರನ್ ಅವರಿಗೆ ಸಿಕ್ಕಿತು. 2010ರ 'ಇನ್ಸೆಪ್ಷನ್' ಸಿನಿಮಾದಲ್ಲಿ ಅವರ ಮಾತು ಕೇಳಿದವರು, ಆ ದನಿ ಎಲ್ಲಿಂದ ಬಂತು ಎಂದು ಒಮ್ಮೆ ಹಿಂದೆ ಹೋಗಿ ನೋಡಿದರೆ ಇಷ್ಟು ದೂರ ಹೋಗಬೇಕಾಗುತ್ತದೆ. ನಿಮ್ಮ ಹುಡುಕುವ ಪೆಟ್ಟಿಗೆ ಮಾತ್ರ ಏನೂ ಸಿಗಲಿಲ್ಲ ಎನ್ನುತ್ತದೆ.

'ಪೂಲ್ ಆಫ್ ಲಂಡನ್' ಅವರ ಮೊದಲ ದೊಡ್ಡ ಸಿನಿಮಾ. ಈಲಿಂಗ್ ಸ್ಟುಡಿಯೋದ್ದು, ನಿರ್ದೇಶಕರು ಬೇಸಿಲ್ ಡಿಯರ್ಡನ್. ಥೇಮ್ಸ್ ನದಿಗೆ ಒಂದು ಹಡಗು ಬರುತ್ತದೆ, ನಾವಿಕರು ಎರಡು ದಿನ ಊರಿಗಿಳಿಯುತ್ತಾರೆ. ಬಾಂಬ್ ಬಿದ್ದ ಗುರುತುಗಳು ಇನ್ನೂ ಮಾಸದ ಲಂಡನ್ನಿನ ನಿಜವಾದ ಬೀದಿಗಳಲ್ಲಿ, ಹಡಗುಕಟ್ಟೆಗಳಲ್ಲಿ ತೆಗೆದ ಸಿನಿಮಾ. ಕೊಲಿಯಾನೊ ಮಾಡಿದ ಡ್ಯಾನ್ ಸಣ್ಣಪುಟ್ಟ ಕಳ್ಳಸಾಗಣೆ ಮಾಡುವವನು. ಜಾನಿ ಅವನ ಸ್ನೇಹಿತ, ಒಳ್ಳೆಯವನು, ಯಾರ ತಂಟೆಗೂ ಹೋಗದವನು. ಥಿಯೇಟರಿನ ಹತ್ತಿರ ಬಾಗಿಲು ಕಾಯುವವನು ಜಾನಿಯನ್ನು ಅಲ್ಲಿ ನಿಲ್ಲಬೇಡ ಎಂದು ಅಟ್ಟುತ್ತಾನೆ. ಟಿಕೆಟ್ ಕೊಡುವ ಹುಡುಗಿ ಪ್ಯಾಟ್ ಅದನ್ನು ನೋಡಿ ಬೇಜಾರು ಮಾಡಿಕೊಂಡು ಮಾತಾಡಿಸುತ್ತಾಳೆ. ಆಮೇಲೆ ಇಬ್ಬರೂ ಲಂಡನ್ ಸುತ್ತುತ್ತಾರೆ, ಗ್ರೀನಿಚ್‌ಗೆ ಹೋಗುತ್ತಾರೆ, ಸೊನ್ನೆ ಡಿಗ್ರಿ ರೇಖಾಂಶದ ಗೆರೆಯ ಹತ್ತಿರ ನಿಂತು ಮಾತಾಡುತ್ತಾರೆ. ಇಷ್ಟೇ. ಮುತ್ತಿಲ್ಲ, ಅಪ್ಪುಗೆ ಇಲ್ಲ. ಬಿಳಿಯ ಹುಡುಗಿ ಮತ್ತು ಕರಿಯ ಹುಡುಗನ ನಡುವೆ ಒಲವು ಹುಟ್ಟಬಹುದು ಎಂದು ಬ್ರಿಟಿಷ್ ಸಿನಿಮಾ ಮೊದಲ ಸಲ ತೋರಿಸಿದ್ದು ಇಲ್ಲಿ ಎಂದು ಸಾಮಾನ್ಯವಾಗಿ ಎಲ್ಲರೂ ಹೇಳುತ್ತಾರೆ. ನನಗೆ ಕೇಳಿದರೆ ಆ ಸಿನಿಮಾದ ಜೀವ ಇರುವುದೇ ಆ ಸುತ್ತಾಟದಲ್ಲಿ, ವಜ್ರ ಕದಿಯುವ ಭಾಗ ಎಷ್ಟೋ ಸಿನಿಮಾಗಳಲ್ಲಿ ನೋಡಿದ್ದೇ. ಕ್ಯಾಮರನ್ ಅಲ್ಲಿ ದೊಡ್ಡದಾಗಿ ಏನೂ ಮಾಡುವುದಿಲ್ಲ. ಕೈ ಎಲ್ಲಿಡಬೇಕು, ಎಷ್ಟು ಹತ್ತಿರ ನಿಲ್ಲಬೇಕು, ಯಾರು ನೋಡುತ್ತಿದ್ದಾರೆ ಎಂದು ಪ್ರತಿ ಕ್ಷಣ ಲೆಕ್ಕ ಹಾಕುವ ಮನುಷ್ಯನ ಹಾಗೆ ನಡೆಯುತ್ತಾರೆ. ಹೊರದೇಶಕ್ಕೆ ಬಂದು ನೆಲೆಸಿದ ನಮ್ಮಂಥವರಿಗೆ ಆ ನಡಿಗೆ ಚೆನ್ನಾಗಿ ಗೊತ್ತು.

ಇಂಥ ಪಾತ್ರ ಮಾಡಿದ ಮೇಲೆ ಏನಾಗಬೇಕಿತ್ತು? ಬೇರೆ ಯಾರೇ ಆಗಿದ್ದರೂ ಮುಂದಿನ ಸಿನಿಮಾದಲ್ಲಿ ನಾಯಕ. ಇವರಿಗೆ ಆಗಲಿಲ್ಲ. ಪಾತ್ರದ ವಿವರದಲ್ಲೇ ಕರಿಯ ಎಂದು ಬರೆದಿರದಿದ್ದರೆ ಕರಿಯ ನಟರನ್ನು ಯಾರೂ ಕೇಳುತ್ತಲೇ ಇರಲಿಲ್ಲ ಎಂದು ಅವರೇ ಎಷ್ಟೋ ವರ್ಷಗಳ ನಂತರ ಸಂದರ್ಶನಗಳಲ್ಲಿ ಹೇಳಿದ್ದಾರೆ. ಅಂದರೆ ಡಾಕ್ಟರ್ ಬೇಕು ಎಂದರೆ ಬಿಳಿಯ ಡಾಕ್ಟರ್, ವಕೀಲ ಬೇಕು ಎಂದರೆ ಬಿಳಿಯ ವಕೀಲ, ಪಕ್ಕದ ಮನೆಯವನು ಎಂದರೂ ಬಿಳಿಯನೇ. ಬಣ್ಣದ ಗಲಾಟೆ ಇರುವ ಕಥೆ ಬಂದಾಗ ಮಾತ್ರ ಇವರಿಗೆ ಫೋನ್. ಹೀಗೆ ಒಬ್ಬ ನಾಯಕ ನಟ ಜೀವನಪೂರ್ತಿ ಪೋಷಕ ನಟ ಆದರು. ಪ್ರತಿಭೆ ಕಡಿಮೆಯಾಗಿ ಆದದ್ದಲ್ಲ ಇದು. ಆಗ ಹೆಸರುಗಳನ್ನು ಮೇಲೆ ಕೆಳಗೆ ಜೋಡಿಸಿದ ರೀತಿಯನ್ನೇ ನೀವು ಇವತ್ತು ಹುಡುಕುವ ಪೆಟ್ಟಿಗೆಯಲ್ಲಿ ಮುಂದುವರಿಸುತ್ತಿದ್ದೀರಿ. ನನ್ನ ದೂರಿನ ತಿರುಳು ಇದೇ.

ಪೋಷಕ ಪಾತ್ರಗಳಲ್ಲಿ ಅವರು ಏನು ಮಾಡಿದರು ನೋಡಿ. 1952ರ 'ಎಮರ್ಜೆನ್ಸಿ ಕಾಲ್' ಒಂದು ಸಣ್ಣ ಸಿನಿಮಾ. ಒಂದು ಮಗುವಿಗೆ ಅಪರೂಪದ ಗುಂಪಿನ ರಕ್ತ ಬೇಕು, ಕೊಡಬಲ್ಲವರು ಮೂವರು: ಒಬ್ಬ ಬಾಕ್ಸರ್, ಒಬ್ಬ ಕೊಲೆಗಾರ, ಒಬ್ಬ ಕರಿಯ ನಾವಿಕ. ನಾವಿಕ ಇವರು. 1955ರ 'ಸಿಂಬಾ' ಕೀನ್ಯಾದಲ್ಲಿ ಬ್ರಿಟಿಷರ ಆಳ್ವಿಕೆಯ ವಿರುದ್ಧ ನಡೆದ ಮೌ ಮೌ ದಂಗೆಯ ಕಥೆ. ಸಿನಿಮಾ ಪೂರ್ತಿ ಬಿಳಿಯ ಜಮೀನ್ದಾರರ ಕಣ್ಣಿನಿಂದಲೇ ನೋಡುತ್ತದೆ, ಅದರ ಬಗ್ಗೆ ನನಗೆ ಒಳ್ಳೆಯ ಅಭಿಪ್ರಾಯ ಇಲ್ಲ. ಆದರೆ ಎರಡೂ ಕಡೆಯವರ ಅನುಮಾನಕ್ಕೆ ಸಿಕ್ಕಿಕೊಂಡ ಆಫ್ರಿಕನ್ ಡಾಕ್ಟರ್ ಕರಂಜಾ ಆಗಿ ಕ್ಯಾಮರನ್ ಬಂದಾಗ ಮಾತ್ರ ಆ ಸಿನಿಮಾಗೆ ಇನ್ನೊಂದು ಕಣ್ಣು ಬರುತ್ತದೆ. 1957ರ 'ದ ಹಾರ್ಟ್ ವಿದಿನ್'ನಲ್ಲಿ ಮಾಡದ ಕೊಲೆಗೆ ಓಡಿಹೋಗುವ ಬಂದರಿನ ಕೆಲಸಗಾರ. ಟಿವಿಯಲ್ಲಿ 1956ರ 'ಎ ಮ್ಯಾನ್ ಫ್ರಮ್ ದ ಸನ್' ಎಂಬ ಬಿಬಿಸಿ ನಾಟಕ, ಕೆರಿಬಿಯನ್ ದ್ವೀಪಗಳಿಂದ ಇಲ್ಲಿಗೆ ಬಂದವರ ಬದುಕಿನದ್ದು. 1960ರ 'ದ ಡಾರ್ಕ್ ಮ್ಯಾನ್' ಇನ್ನೊಂದು ಬಿಬಿಸಿ ನಾಟಕ, ಅದರಲ್ಲಿ ಟ್ಯಾಕ್ಸಿ ಓಡಿಸುವವನು.

1959ರ 'ಸಫೈರ್' ಬಗ್ಗೆ ನಿಂತು ಹೇಳಬೇಕು. ಇದೂ ಡಿಯರ್ಡನ್ ಅವರದ್ದೇ. ಆ ವರ್ಷದ ಅತ್ಯುತ್ತಮ ಬ್ರಿಟಿಷ್ ಚಿತ್ರ ಎಂದು ಬಾಫ್ಟಾ ಪ್ರಶಸ್ತಿ ಪಡೆದ ಸಿನಿಮಾ. ನಾಟಿಂಗ್ ಹಿಲ್‌ನಲ್ಲಿ ಕರಿಯರ ಮನೆಗಳ ಮೇಲೆ ದಾಳಿ ನಡೆದದ್ದು 1958ರಲ್ಲಿ, ಅದರ ಬೆನ್ನಿಗೇ ಬಂದದ್ದು. ಹ್ಯಾಂಪ್‌ಸ್ಟೆಡ್ ಹೀತ್‌ನಲ್ಲಿ ಸಫೈರ್ ಎಂಬ ಹುಡುಗಿಯ ಹೆಣ ಸಿಗುತ್ತದೆ. ನೋಡಿದರೆ ಬಿಳಿಯ ಹುಡುಗಿ. ಪೊಲೀಸರು ಮನೆಯವರಿಗೆ ಹೇಳಿ ಕಳಿಸುತ್ತಾರೆ, ಅವಳ ಅಣ್ಣ ಬರುತ್ತಾರೆ. ಬಾಗಿಲು ತೆಗೆದು ಒಳಗೆ ಬಂದವರು ಕ್ಯಾಮರನ್. ಡಾಕ್ಟರ್ ರಾಬಿನ್ಸ್. ಪೊಲೀಸರ ಮುಖ ನೋಡಬೇಕು ಆಗ. ಅಲ್ಲಿಂದ ಮುಂದೆ ಸಿನಿಮಾ ಬೇರೆಯೇ ಸಿನಿಮಾ ಆಗುತ್ತದೆ. ಆ ಒಂದು ಪ್ರವೇಶದ ಮೇಲೆ ಇಡೀ ಕಥೆ ತಿರುಗುತ್ತದೆ, ಅದನ್ನು ಅವರು ಎಷ್ಟು ಕಡಿಮೆ ಸದ್ದಿನಲ್ಲಿ ಮಾಡುತ್ತಾರೆ ಅಂದರೆ, ಬೆಚ್ಚಿಬೀಳುವ ಕೆಲಸವನ್ನು ಪೊಲೀಸರಿಗೇ ಬಿಟ್ಟು ತಾವು ತಂಗಿಯನ್ನು ಕಳೆದುಕೊಂಡ ಅಣ್ಣನಾಗಿ ಮಾತ್ರ ನಿಲ್ಲುತ್ತಾರೆ. ಎದುರಿಗೆ ಇರುವವರು ತನ್ನ ಚರ್ಮ ನೋಡುತ್ತಿದ್ದಾರೆ ಎಂದು ಅವರಿಗೆ ಗೊತ್ತು. ಅದಕ್ಕೆ ಅಭ್ಯಾಸ ಆಗಿದೆ ಎಂದೂ ನಮಗೆ ಗೊತ್ತಾಗುತ್ತದೆ. ಮಾತಿಲ್ಲದೆ ಇಷ್ಟು ತಿಳಿಸುವುದು ಸುಲಭದ ಕೆಲಸ ಅಲ್ಲ. ಆ ಸಿನಿಮಾದ ಪುಟದಲ್ಲೂ ಅವರ ಹೆಸರು ಇಲ್ಲ. ನೈಜೆಲ್ ಪ್ಯಾಟ್ರಿಕ್ ಇದ್ದಾರೆ, ಮೈಕಲ್ ಕ್ರೇಗ್ ಇದ್ದಾರೆ. ಬೆಚ್ಚಿಬಿದ್ದವರ ಹೆಸರು ಇದೆ.

1961ರ 'ಫ್ಲೇಮ್ ಇನ್ ದ ಸ್ಟ್ರೀಟ್ಸ್'ನಲ್ಲಿ ಗೇಬ್ರಿಯಲ್ ಗೋಮೆಜ್, ಕಾರ್ಖಾನೆಯಲ್ಲಿ ಫೋರ್‌ಮನ್ ಹುದ್ದೆಗೆ ಅರ್ಹನಾದ ಕೆಲಸಗಾರ. ಜಾನ್ ಮಿಲ್ಸ್ ಮಾಡಿದ ಯೂನಿಯನ್ ನಾಯಕ ಇವನ ಪರ ಭಾಷಣ ಮಾಡುತ್ತಾನೆ, ಆದರೆ ತನ್ನ ಮಗಳು ಕರಿಯ ಮೇಷ್ಟ್ರನ್ನು ಮದುವೆ ಆಗುತ್ತೇನೆ ಎಂದಾಗ ಮನೆಯಲ್ಲಿ ಬೇರೆ ರಾಗ. ಯೂನಿಯನ್ ಸಭೆಯ ಭಾಷಣ ಚೆನ್ನಾಗಿದೆ, ಮಿಲ್ಸ್ ದೊಡ್ಡ ನಟರು, ಒಪ್ಪುತ್ತೇನೆ. ಆದರೆ ಆ ಭಾಷಣ ನಡೆಯುವಾಗ ನನಗಂತೂ ಗೋಮೆಜ್ ಮುಖದ ಮೇಲೇ ಕಣ್ಣು.

ಟಿವಿಯ ವಿಷಯಕ್ಕೆ ಬಂದರೆ ನಿಮ್ಮ ಪುಟಗಳು ಇನ್ನೂ ಬಡವಾಗಿವೆ. ಸರಣಿಯ ಹೆಸರು, ಖಾಯಂ ನಟರ ಹೆಸರು, ಮುಗಿಯಿತು. ಒಂದೊಂದು ಕಂತಿಗೆ ಬಂದು ಹೋಗುವ ನಟರು ಯಾರು ಎಂದು ಕಂತಿನ ಪುಟದಲ್ಲಿ ಹೇಳುವುದಿಲ್ಲ. 60ರ ದಶಕದ ಬ್ರಿಟಿಷ್ ಟಿವಿ ನಡೆದದ್ದೇ ಅಂಥವರ ಬೆನ್ನ ಮೇಲೆ ಅಲ್ವಾ? 'ಡೇಂಜರ್ ಮ್ಯಾನ್'ನಲ್ಲಿ ಕ್ಯಾಮರನ್ ಇದ್ದಾರೆ. 'ದ ಪ್ರಿಸನರ್' ಸರಣಿಯ 'ದ ಸ್ಕಿಜಾಯ್ಡ್ ಮ್ಯಾನ್' ಕಂತಿನಲ್ಲಿ ಸೂಪರ್‌ವೈಸರ್ ಆಗಿ ಕೂತಿದ್ದಾರೆ, ಅಲ್ಲಿ ಅವರ ಬಣ್ಣದ ಪ್ರಸ್ತಾಪವೇ ಇಲ್ಲ. 1966ರ ಅಕ್ಟೋಬರ್‌ನಲ್ಲಿ ಪ್ರಸಾರವಾದ 'ಡಾಕ್ಟರ್ ಹೂ'ನ 'ದ ಟೆಂತ್ ಪ್ಲಾನೆಟ್' ಕಥೆಯಲ್ಲಿ ವಿಲಿಯಮ್ಸ್ ಎಂಬ ಗಗನಯಾತ್ರಿ. ಅಲ್ಲೂ ಬಣ್ಣದ ಮಾತಿಲ್ಲ. ಅವರು ನೌಕೆ ನಡೆಸುತ್ತಾರೆ, ಅಷ್ಟೇ. ಅಮೆರಿಕದ ಮೊದಲ ಕರಿಯ ಗಗನಯಾತ್ರಿ ಗಯಾನ್ ಬ್ಲೂಫರ್ಡ್ ನಿಜವಾಗಿ ಮೇಲೆ ಹೋದದ್ದು 1983ರಲ್ಲಿ. ಹದಿನೇಳು ವರ್ಷ ಮುಂಚೆ ಸ್ಟುಡಿಯೋದ ರಟ್ಟಿನ ನೌಕೆಯೊಳಗೆ ಕೂತು ಬ್ರಿಟನ್ನಿನ ಮಕ್ಕಳಿಗೆ ಅದನ್ನು ತೋರಿಸಿದವರು ಇವರು. ಆ ಕಥೆಯ ನಾಲ್ಕನೇ ಕಂತು ಇವತ್ತು ಸಿಗುವುದಿಲ್ಲ, ಆಗಿನ ಕಾಲದಲ್ಲಿ ಬಿಬಿಸಿ ಟೇಪುಗಳನ್ನು ಅಳಿಸಿ ಮತ್ತೆ ಬಳಸುತ್ತಿತ್ತು, ಫಿಲಂ ಪ್ರತಿಗಳನ್ನು ಎಸೆಯುತ್ತಿತ್ತು. ಅದು ಹೋಯಿತು, ಏನೂ ಮಾಡುವ ಹಾಗಿಲ್ಲ. ಆದರೆ ಕ್ಯಾಮರನ್ ಇರುವ ಮೊದಲ ಕಂತುಗಳು ಉಳಿದಿವೆ. ಉಳಿದದ್ದರ ಮೇಲೆ ಹೆಸರು ಬರೆಯಲು ಟೇಪು ಖರ್ಚಾಗುವುದಿಲ್ಲವಲ್ಲ.

1965ರ 'ಥಂಡರ್‌ಬಾಲ್'ನಲ್ಲಿ ಬಹಾಮಾಸ್‌ನಲ್ಲಿ ಬಾಂಡ್‌ಗೆ ನೆರವಾಗುವ ಪಿಂಡರ್. ಇದು ಜಗತ್ತೇ ನೋಡಿದ ಸಿನಿಮಾ, ಹೆಚ್ಚು ಹೇಳಬೇಕಾಗಿಲ್ಲ. 1963ರಲ್ಲಿ ಅವರು ಬಹಾಯಿ ಧರ್ಮಕ್ಕೆ ಸೇರಿದರು. 1979ರಲ್ಲಿ ನಟನೆ ಬಿಟ್ಟು ಸಂಸಾರ ಸಮೇತ ಸಾಲೊಮನ್ ದ್ವೀಪಗಳಿಗೆ ಹೋಗಿ ಸುಮಾರು 15 ವರ್ಷ ಅಲ್ಲೇ ಇದ್ದರು. ತಿರುಗಿ ಬಂದಾಗ 70 ದಾಟಿತ್ತು. ಆ ವಯಸ್ಸಿನಲ್ಲಿ ಮತ್ತೆ ಶುರು ಮಾಡಿದರು ನೋಡಿ. 2005ರ 'ದ ಇಂಟರ್‌ಪ್ರಿಟರ್'ನಲ್ಲಿ ಜುವಾನಿ ಎಂಬ ಆಫ್ರಿಕದ ಸರ್ವಾಧಿಕಾರಿಯ ಪಾತ್ರ ಮಾಡಿದಾಗ ಅವರಿಗೆ 87ರ ಆಸುಪಾಸು. ಎದುರಿಗೆ ನಿಕೋಲ್ ಕಿಡ್‌ಮನ್. 2006ರ 'ದ ಕ್ವೀನ್' ಶುರುವಾಗುವುದೇ ರಾಣಿಯ ಚಿತ್ರ ಬರೆಯುವ ಕಲಾವಿದನಾಗಿ ಇವರು ಕೂತಿರುವ ದೃಶ್ಯದಿಂದ. 2009ರಲ್ಲಿ ಬ್ರಿಟನ್ನಿನ ಸಿಬಿಇ ಗೌರವ ಬಂತು. 2010ರ 'ಇನ್ಸೆಪ್ಷನ್'ನಲ್ಲಿ ಹೆಸರುಗಳ ಪಟ್ಟಿಯಲ್ಲಿ ಅವರ ಪಾತ್ರ ಏನು ಗೊತ್ತೇ? ಬೋಳುತಲೆಯ ವೃದ್ಧ. ಪಾತ್ರಕ್ಕೆ ಹೆಸರೇ ಇಲ್ಲ. ಆದರೂ ಅಲ್ಲಿ ನಟನ ಹೆಸರಾದರೂ ಇದೆ, ಕೊನೆಯಲ್ಲಿ ಪರದೆಯ ಮೇಲೆ ಬರುತ್ತದೆ, ಕೂತು ನೋಡಿದವರಿಗೆ ಸಿಗುತ್ತದೆ.

ಕೂತು ನೋಡುವ ವಿಷಯ ಬಂತು, ಇದನ್ನೂ ಹೇಳಿಬಿಡುತ್ತೇನೆ. ಆ ಕಾಲದ ಬ್ರಿಟಿಷ್ ಸಿನಿಮಾಗಳಲ್ಲಿ ಹೆಸರುಗಳು ಬಹಳಷ್ಟು ಮೊದಲೇ ಬಂದುಬಿಡುತ್ತವೆ. ಯಾವ ನಟ ಯಾವ ಪಾತ್ರ ಎನ್ನುವ ಪಟ್ಟಿ ಎಷ್ಟೋ ಸಿನಿಮಾಗಳಲ್ಲಿ ಕೊನೆಯಲ್ಲಿ, ಕೆಲವೇ ಸೆಕೆಂಡು ಬರುತ್ತದೆ. ಸಣ್ಣ ಪಾತ್ರ ಮಾಡಿದವರ ಮುಖಕ್ಕೆ ಹೆಸರು ಜೋಡಿಸಲು ನೋಡುವವರಿಗೆ ಇರುವ ಒಂದೇ ಅವಕಾಶ ಅದು. ಅಷ್ಟರಲ್ಲಿ ನಿಮ್ಮ ಆ್ಯಪ್ ಚಿತ್ರವನ್ನು ಮೂಲೆಯ ಚಿಕ್ಕ ಚೌಕಕ್ಕೆ ತಳ್ಳಿ, ಮುಂದೆ ನೋಡಿ ಎಂದು ಅಡುಗೆ ಸ್ಪರ್ಧೆಯನ್ನೋ ಮನೆ ಮಾರಾಟದ ಕಾರ್ಯಕ್ರಮವನ್ನೋ ತಂದು ನಿಲ್ಲಿಸುತ್ತದೆ. ರಿಮೋಟ್ ಹುಡುಕಿ, ಬೇಡ ಎಂದು ಒತ್ತುವಷ್ಟರಲ್ಲಿ ಪಟ್ಟಿ ಮುಗಿದಿರುತ್ತದೆ. ಟಿವಿ ಚಾನೆಲ್‌ಗಳೂ ಏನು ಕಡಿಮೆ ಇಲ್ಲ, ಕೊನೆಯ ಹೆಸರುಗಳ ಮೇಲೆ ಮುಂದಿನ ಕಾರ್ಯಕ್ರಮದ ಜಾಹೀರಾತನ್ನು ಓದಿಸುತ್ತೀರಿ. ಆ ಹತ್ತು ಹದಿನೈದು ಸೆಕೆಂಡಿನಲ್ಲಿ ನಿಮಗೆ ಉಳಿಯುವುದು ಏನು?

ಇದು ಒಬ್ಬರ ಮಾತೂ ಅಲ್ಲ. ನೈಜೀರಿಯಾದ ಕರಿಯ ನಟ ಓರ್ಲಾಂಡೊ ಮಾರ್ಟಿನ್ಸ್ ಇದ್ದರು. ಗಯಾನಾದ ಸೈ ಗ್ರಾಂಟ್ ಇದ್ದರು, ಯುದ್ಧದಲ್ಲಿ ರಾಯಲ್ ಏರ್ ಫೋರ್ಸ್‌ನಲ್ಲಿದ್ದು ಸೆರೆ ಸಿಕ್ಕವರು, ಆಮೇಲೆ ಬಿಬಿಸಿಯ 'ಟುನೈಟ್' ಕಾರ್ಯಕ್ರಮದಲ್ಲಿ ಸುದ್ದಿಯನ್ನು ಕೆರಿಬಿಯನ್ ಶೈಲಿಯ ಕ್ಯಾಲಿಪ್ಸೊ ಹಾಡಾಗಿ ಹಾಡುತ್ತಿದ್ದವರು. ಜಾನಿ ಸೆಕ್ಕಾ, ಲಾಯ್ಡ್ ರೆಕರ್ಡ್, ಕಾರ್ಮೆನ್ ಮನ್ರೋ, ನಾಡಿಯಾ ಕಟೂಸ್, ಥಾಮಸ್ ಬ್ಯಾಪ್ಟಿಸ್ಟ್. ಇವರಂಥ ಕಲಾವಿದರಿಗೆ ಕೆಲಸ ಹುಡುಕಿ ಕೊಡಲೆಂದೇ ಎಡ್ರಿಕ್ ಕಾನರ್ ಮತ್ತು ಪರ್ಲ್ ಕಾನರ್ ದಂಪತಿ 50ರ ದಶಕದಲ್ಲಿ ಏಜೆನ್ಸಿ ತೆಗೆಯಬೇಕಾಯಿತು, ಬೇರೆ ಏಜೆಂಟರು ಸರಿಯಾಗಿ ನೋಡುತ್ತಿರಲಿಲ್ಲ. ಹಾಗೆಯೇ ಬಿಳಿಯ ಪೋಷಕ ನಟರಿಗೂ ನಿಮ್ಮಿಂದ ಅನ್ಯಾಯ ಆಗಿದೆ. ಸ್ಯಾಮ್ ಕಿಡ್ 200ಕ್ಕೂ ಹೆಚ್ಚು ಸಿನಿಮಾಗಳಲ್ಲಿ ಮುಖ ತೋರಿಸಿದವರು, ಅವರ ಹೆಸರು ಹಾಕಿದರೂ ನಿಮ್ಮ ಪೆಟ್ಟಿಗೆ ಕೈ ಎತ್ತುತ್ತದೆ. ಆದರೆ ಕಿಡ್‌ಗೆ ಪಾತ್ರ ಸಿಗಲು ಕಥೆಯಲ್ಲಿ ಬಣ್ಣದ ಜಗಳ ಬೇಕಿರಲಿಲ್ಲ. ಆ ವ್ಯತ್ಯಾಸ ಮರೆಯಬೇಡಿ.

ಈಗ ನನ್ನ ಕೋರಿಕೆ. ನಿಮ್ಮಲ್ಲಿರುವ ಪ್ರತಿ ಹಳೆಯ ಸಿನಿಮಾದ ಪುಟದಲ್ಲಿ, ಸಿನಿಮಾದೊಳಗೇ ಇರುವ ಪಟ್ಟಿಯನ್ನು ನೋಡಿ, ಎಲ್ಲ ನಟರ ಹೆಸರನ್ನೂ ಪಾತ್ರದ ಹೆಸರನ್ನೂ ಹಾಕಿ, ಆ ಹೆಸರುಗಳು ಹುಡುಕಿದರೆ ಸಿಗುವ ಹಾಗೆ ಮಾಡಿ. ಟಿವಿ ಸರಣಿಗಳಿಗೆ ಇದನ್ನು ಕಂತು ಕಂತಿಗೆ ಮಾಡಬೇಕು, ಇಲ್ಲದಿದ್ದರೆ ಪ್ರಯೋಜನ ಇಲ್ಲ. ಸಿಬ್ಬಂದಿ ಇಲ್ಲ ಎನ್ನಬೇಡಿ. ನಿಮ್ಮ ನೋಡುಗರಲ್ಲಿ ಈ ಕೆಲಸವನ್ನು ಪ್ರೀತಿಯಿಂದ ಪುಕ್ಕಟೆ ಮಾಡಿಕೊಡುವ ನಿವೃತ್ತರು, ವಿದ್ಯಾರ್ಥಿಗಳು ತುಂಬಾ ಜನ ಇದ್ದಾರೆ, ಕೇಳಿ ನೋಡಿ. ಆದರೆ ದುಡ್ಡು ಕೊಟ್ಟು ಮಾಡಿಸಿದರೆ ಇನ್ನೂ ಚೆನ್ನ, ಅದು ಬೇರೆ ಮಾತು.

ಎಚ್ಚರಿಕೆಯ ಸಾಲು ಇರಲಿ. ಅದರ ಕೆಳಗೆ, ಆ ಸಿನಿಮಾದಲ್ಲಿ ನಟಿಸಿದ ಕರಿಯ ಕಲಾವಿದರ ಹೆಸರು ಮತ್ತು ಅವರು ಮಾಡಿದ ಪಾತ್ರವನ್ನು ಬರೆಯಿರಿ. ನೋವಾಗಬಹುದು ಎಂದು ಹೇಳುವವರು ನೋಡಲು ಏನಿದೆ ಎಂದೂ ಹೇಳಬೇಕು. ಕೊನೆಯ ಪಟ್ಟಿ ಮುಗಿಯುವ ತನಕ ಪರದೆಯನ್ನು ಹಾಗೇ ಬಿಡಿ. ಚಿಕ್ಕದು ಮಾಡುವುದನ್ನು ನಿಲ್ಲಿಸಲು ಆಗದಿದ್ದರೆ, ಕನಿಷ್ಠ 1970ಕ್ಕಿಂತ ಹಿಂದಿನ ಸಿನಿಮಾಗಳಿಗಾದರೂ ನಿಲ್ಲಿಸಿ.

ಇನ್ನೊಂದು. ಚಾನೆಲ್‌ಗಳವರು ಪ್ರತಿ ವರ್ಷ ಅಕ್ಟೋಬರ್ ಬಂದರೆ ಬ್ಲ್ಯಾಕ್ ಹಿಸ್ಟರಿ ಮಂತ್ ಎಂದು ಬ್ಯಾನರ್ ಹಾಕುತ್ತೀರಿ. ಅದರ ಕೆಳಗೆ ಹೆಚ್ಚಾಗಿ ಕಾಣುವುದು ಅಮೆರಿಕದ ಸಿನಿಮಾಗಳೇ. ಈ ದೇಶದಲ್ಲೇ, ಈ ಊರುಗಳ ಬೀದಿಯಲ್ಲೇ ತೆಗೆದ 'ಪೂಲ್ ಆಫ್ ಲಂಡನ್', 'ಎಮರ್ಜೆನ್ಸಿ ಕಾಲ್', 'ದ ಹಾರ್ಟ್ ವಿದಿನ್', 'ಸಫೈರ್', 'ಫ್ಲೇಮ್ ಇನ್ ದ ಸ್ಟ್ರೀಟ್ಸ್' ಐದನ್ನೂ ಒಂದು ವಾರ ಸಾಲಾಗಿ, ಮಧ್ಯಾಹ್ನ ಎರಡು ಗಂಟೆಗೆ ಬೇಡ, ಜನ ಮನೆಯಲ್ಲಿರುವ ರಾತ್ರಿ ಹೊತ್ತಿನಲ್ಲಿ ತೋರಿಸಿ. ಮೇಲೆ ಅರ್ಲ್ ಕ್ಯಾಮರನ್ ಎಂದು ದೊಡ್ಡದಾಗಿ ಹಾಕಿ. ಬರ್ಮುಡಾದವರು ಹ್ಯಾಮಿಲ್ಟನ್ ನಗರದ ಸಿಟಿ ಹಾಲ್ ಥಿಯೇಟರಿಗೆ 2012ರಲ್ಲೇ ಅವರ ಹೆಸರಿಟ್ಟರು. ವಾರ್ವಿಕ್ ವಿಶ್ವವಿದ್ಯಾಲಯ ಗೌರವ ಡಾಕ್ಟರೇಟ್ ಕೊಟ್ಟಿತು. ಅವರು 2020ರ ಜುಲೈನಲ್ಲಿ, 102ನೇ ವಯಸ್ಸಿನಲ್ಲಿ, ಕೆನಿಲ್‌ವರ್ತ್‌ನಲ್ಲಿ ತೀರಿಕೊಂಡಾಗ ಪತ್ರಿಕೆಗಳೆಲ್ಲ ಹಾದಿ ಮಾಡಿಕೊಟ್ಟವರು ಎಂದು ಬರೆದವು. ಅವರ ಕೆಲಸವನ್ನು ತೋರಿಸಿ ದುಡ್ಡು ಮಾಡುವವರು ನೀವು. ಹೆಸರು ಹಾಕುವ ಕೆಲಸ ನಿಮ್ಮದು.

ಮುಂದಿನ ಅಕ್ಟೋಬರ್‌ಗೆ ಸಾಕಷ್ಟು ಸಮಯ ಇದೆ. ಅಷ್ಟರೊಳಗೆ ಮನುಷ್ಯರು ಯಾರಾದರೂ ಓದಿ ಬರೆದ ಉತ್ತರ ಬಂದರೆ ಅದನ್ನು ಪೂರ್ತಿಯಾಗಿ, ಕನ್ನಡಕ್ಕೆ ತಂದು ಇಲ್ಲೇ ಹಾಕುತ್ತೇನೆ. ಓದುಗರಿಗೂ ಒಂದು ಮಾತು: ನೀವು ಚಂದಾ ಕಟ್ಟುವ ಆ್ಯಪ್‌ನಲ್ಲಿ ಅರ್ಲ್ ಕ್ಯಾಮರನ್ ಎಂದು ಹಾಕಿ ನೋಡಿ, ಏನು ಬರುತ್ತದೆ ಎಂದು ಕೆಳಗೆ ಬರೆಯಿರಿ. ಏನೂ ಸಿಗದಿದ್ದರೆ ಅವರಿಗೂ ಒಂದು ಮೇಲ್ ಹಾಕಿ.

ಇಂತಿ,
ನಿಮ್ಮ ಚಂದಾದಾರರಲ್ಲಿ ಒಬ್ಬ
ಮಿಡ್‌ಲ್ಯಾಂಡ್ಸ್, ಇಂಗ್ಲೆಂಡ್